ಜಡಿರಾಣಿಯನ್ನು ಕರೆಯುವ ರೀತಿ

ಮೊನ್ನೆ ಶಿಗ್ಗಾಂವದ ಬಸ್‌ಸ್ಟ್ಯಾಂಡಿನಲ್ಲಿ ಒಬ್ಬ ಮುದುಕ ನನ್ನ ಪಕ್ಕದಲ್ಲಿ ಬುಟ್ಟಿಯೊಂದನ್ನು ಇಳಿಸಿ, ಅದರ ಮೇಲಿದ್ದ ಒದ್ದೆ ಗೋಣಿತಟ್ಟನ್ನು ಸರಿಸಿದ. ಅಷ್ಟೇ. ಬಾಳೆಲೆ, ನೆನೆದ ಗೋಣಿ, ಹಸಿ ವೀಳ್ಯದೆಲೆಯ ಖಾರ ಎಲ್ಲ ಕೂಡಿದ ಆ ವಾಸನೆ ಮೂಗಿಗೆ ಬಡಿದದ್ದೇ ತಡ, ನಾನು ಅಲ್ಲಿ ಇಲ್ಲವಾದೆ. ಸವಣೂರಿನ ನಮ್ಮ ಹಳೇ ಮನೆಯ ಪಡಸಾಲೆಯಲ್ಲಿ ಕಾಲು ಮಡಚಿ ಕುಳಿತಿದ್ದೆ. ಎದುರಿಗೆ ಶಬಾನಾ, ನಡುವೆ ಕಾರ್ಡುಗಳು, ಗೋಡೆಗೆ ಒರಗಿ ಎಲೆ ಹೊಂದಿಸುತ್ತಿದ್ದ ಆಯಿ, ಅಂದರೆ ನನ್ನ ಅಪ್ಪನ ತಾಯಿ. ನಾನು ಹತ್ತಬೇಕಾದ ಬಸ್ಸು ಬಂತು, ಹೋಯಿತು. ಹೋಗಲಿ ಬಿಡಿ. ಬಸ್ಸು ದಿನಾ ಬರುತ್ತದೆ, ಆ ಪಡಸಾಲೆ ಎಲ್ಲಿ ಬರುತ್ತದೆ?

ನಮ್ಮದು ಎಲೆ ವ್ಯಾಪಾರದ ಮನೆ. ತೋಟದಿಂದ ಬಂದ ಎಲೆ ಪಡಸಾಲೆಯಲ್ಲಿ ರಾಶಿಯಾಗಿ ಬೀಳುತ್ತಿತ್ತು. ಎಳೆಯದು, ಬಲಿತದ್ದು, ತೂತು ಬಿದ್ದದ್ದು ಎಂದು ಬೇರೆ ಮಾಡಿ, ಕಟ್ಟು ಕಟ್ಟಿ, ಬುಟ್ಟಿ ತುಂಬಿ, ಮೇಲೆ ನೀರು ಚಿಮುಕಿಸಿ ಕಳಿಸಬೇಕು. ಅಜ್ಜನ ಕಾಲಕ್ಕೆ ಬುಟ್ಟಿಗಳು ಚಕ್ಕಡಿಯಲ್ಲಿ ಯಲವಿಗಿ ಸ್ಟೇಷನ್ನಿಗೆ ಹೋಗುತ್ತಿದ್ದವಂತೆ, ನನ್ನ ಕಾಲಕ್ಕೆ ಟೆಂಪೋ ಬಂದಿತ್ತು. ಮಧ್ಯಾಹ್ನ ಮಾಳಿಗೆಯ ಬೆಳಕಿಂಡಿಯಿಂದ ಬಿಸಿಲು ಇಳಿದು ಎಲೆರಾಶಿಯ ಮೇಲೆ ಬಿದ್ದರೆ ಇಡೀ ಪಡಸಾಲೆ ತಿಳಿಹಸಿರಾಗುತ್ತಿತ್ತು. ಆಯಿಯ ಬಿಳಿ ಕೂದಲು ಹಸಿರು, ಗೋಡೆ ಹಸಿರು, ಶಬಾನಾಳ ಮೂಗಿನ ನತ್ತೂ ಹಸಿರು. ಆ ಬೆಳಕಿನಲ್ಲಿ ಮಾತು ತಾನಾಗಿಯೇ ಮೆತ್ತಗಾಗುತ್ತಿತ್ತು, ಜಗಳ ಒಂದನ್ನು ಬಿಟ್ಟು.

ಶಬಾನಾ ಪಕ್ಕದ ಮನೆಯವಳು. ಹುಬ್ಬಳ್ಳಿಯ ಅಂಗಡಿಯೊಂದರಲ್ಲಿ ಕೆಲಸಕ್ಕಿದ್ದ ಅವಳ ಅಣ್ಣ ಊರಿಗೆ ಬರುವಾಗ ಆ ಕಾರ್ಡಿನ ಪಾಕೀಟು ತರುತ್ತಿದ್ದ. ತೆಳ್ಳನೆಯ ರಟ್ಟು, ಮಸುಕು ಬಣ್ಣ, ಅಸಲಿಯೋ ನಕಲಿಯೋ ದೇವರೇ ಬಲ್ಲ. ಒಂದೊಂದು ಕಾರ್ಡಿನಲ್ಲೂ ಒಂದೊಂದು ರಾಕ್ಷಸ, ಕೆಳಗೆ ಇರುವೆಸಾಲಿನಂಥ ಇಂಗ್ಲಿಷು. ಕಾರ್ಡನ್ನು ಕಣಕ್ಕೆ ಇಳಿಸಿ ಕಾದಿಸಬೇಕು. ಸತ್ತದ್ದು ಪಕ್ಕದ ಹರಕು ಬುಟ್ಟಿಯ ಮುಚ್ಚಳಕ್ಕೆ ಹೋಗುತ್ತಿತ್ತು. ಅದನ್ನು ನಾನು ಸುಡಗಾಡ ಅನ್ನುತ್ತಿದ್ದೆ, ಅವಳು ಖಬರಸ್ತಾನ ಅನ್ನುತ್ತಿದ್ದಳು. ಆ ಇಂಗ್ಲಿಷನ್ನು ನಮಗೆ ಓದಿ ಹೇಳುತ್ತಿದ್ದವಳು ನನ್ನ ಕಾಕು, ಅಂದರೆ ಅಪ್ಪನ ತಮ್ಮ ಕಾಕಾನ ಹೆಂಡತಿ ಲಲಿತಾ. ಹಿರೇಕೆರೂರಿನವಳು, ಕಾಲೇಜು ಕಲಿತವಳು. ರೊಟ್ಟಿ ಬಡಿದ ಕೈಯನ್ನು ಸೆರಗಿಗೆ ಒರೆಸಿಕೊಂಡು ಬಂದು, ಕಾರ್ಡನ್ನು ಕಣ್ಣಿನ ಹತ್ತಿರ ಹಿಡಿದು ಓದುತ್ತಿದ್ದಳು. ಮುಖದಲ್ಲಿ ಎಂಥ ಗಾಂಭೀರ್ಯ ಅಂತೀರಿ, ಜಜ್ಜಮೆಂಟು ಓದುವವರ ಹಾಗೆ.

ನಮ್ಮಲ್ಲಿದ್ದ ಕಾರ್ಡುಗಳಲ್ಲೆಲ್ಲ ದೊಡ್ಡವಳು ಜಡಿರಾಣಿ. ಏಳು ಹೆಡೆಯ ಹಾವಿನಂಥ ಜಡೆ, ಕೈಯಲ್ಲಿ ದೀಪ. ಹೆಸರು ನಾವೇ ಇಟ್ಟದ್ದು. ಅವಳ ಕೆಳಗಿನ ಬರಹ ಓದಿ ಕಾಕು ಹೇಳಿದ್ದು ಇಂದಿಗೂ ಕಿವಿಯಲ್ಲಿದೆ: "ಇಕಿ ದೊಡ್ಡ ಮನಿತನದಾಕಿ. ಸುಮ್ನ ಬಾ ಅಂದ್ರ ಬರೂದಿಲ್ಲ. ಕಣದಾಗಿರೋ ನಿಮ್ಮವು ಎರಡು ಕಾರ್ಡು ಬಿಟ್ಟುಕೊಟ್ಟು ಕರೀಬೇಕು. ಅವೇ ಇಕಿಗೆ ಎಲಿ-ಅಡಿಕಿ ಅಂತ ತಿಳ್ಕೋರಿ." ಅಂದಿನಿಂದ ಆ ಎರಡು ಕಾರ್ಡಿಗೆ ಒಂದಕ್ಕೆ ಎಲಿ, ಇನ್ನೊಂದಕ್ಕೆ ಅಡಿಕಿ ಎಂದೇ ಹೆಸರಾಯಿತು. ಆಯಿ ಬಿಸಾಡಿದ ತೂತಿನ ಎಲೆಯೊಂದನ್ನು ಹಾಸಿ, ಅದರ ಮೇಲೆ ರಾಣಿಯನ್ನು ಇಳಿಸುತ್ತಿದ್ದೆವು. ಸತ್ತವರನ್ನು ಎಬ್ಬಿಸುವ ಕಾರ್ಡೂ ಒಂದಿತ್ತು, ಮಣ್ಣಿನಿಂದ ಮೇಲೆದ್ದ ಒಂದು ಕೈಯ ಚಿತ್ರ. ಆದರೆ ಅದಕ್ಕೂ ಒಂದು ಕಟ್ಟಳೆ. ರೀತಿ ಪ್ರಕಾರ ಒಮ್ಮೆ ಕಣಕ್ಕೆ ಬಂದು ಸತ್ತಿದ್ದರೆ ಮಾತ್ರ ರಾಣಿಯನ್ನು ಎಬ್ಬಿಸಬಹುದು. ಹಾಗೆ ಒಮ್ಮೆಯೂ ಬರದೆ ಸುಡಗಾಡ ಸೇರಿದ್ದರೆ ಅವಳು ಮರಳಿ ಬರುವ ಹಾಗಿಲ್ಲ. "ಬರದಾಕಿ ಹೊಳ್ಳಿ ಹೆಂಗ ಬರ್ತಾಳ?" ಅಂದು ಕಾಕು ಕಾರ್ಡು ನನ್ನ ಕೈಗಿಟ್ಟು, ಒಲೆಯ ಕಡೆ ಹೋದಳು.

ಆ ಮಾತನ್ನು ಆಕೆ ಕಾರ್ಡಿಗಷ್ಟೇ ಹೇಳಿದ್ದಳೋ ಏನೋ, ನನಗೆ ಆಗ ತಿಳಿಯುವ ವಯಸ್ಸಲ್ಲ. ಕಾಕಾ ಅವಳನ್ನು ಮನೆಯವರಿಗೆ ಹೇಳದೆ ರಿಜಿಸ್ಟರ್ ಮದುವೆಯಾಗಿ, ಗಾಡಿಯ ಹಿಂದೆ ಕೂರಿಸಿಕೊಂಡು ಬಂದಿದ್ದ. ಅಂದು ಪಡಸಾಲೆ ತುಂಬ ಎಲೆ ಕೊಳ್ಳುವ ವ್ಯಾಪಾರಿಗಳು. ಅವರೆದುರು ಆಯಿಗೆ ನಾಚಿಕೆಯೋ ಸಿಟ್ಟೋ, ಬಾಗಿಲಿಗೆ ಅಡ್ಡ ನಿಂತು, "ಹಿತ್ತಲ ಬಾಗಲಿಂದ ಬರ್ರಿ" ಅಂದುಬಿಟ್ಟಳು. ಆರತಿಯಿಲ್ಲ, ಹೊಸ್ತಿಲ ಮೇಲೆ ಸೇರಕ್ಕಿಯಿಲ್ಲ. ಖಾಲಿ ಬುಟ್ಟಿ ಒಟ್ಟುವ ಹಿತ್ತಲ ಬಾಗಿಲಿನಿಂದ ಕಾಕು ನಮ್ಮ ಮನೆಗೆ ಬಂದಳು. ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು ಅನ್ನುತ್ತಾರಲ್ಲ, ಆ ಮಾತು ಮನೆಯಲ್ಲಿ ಮುಳ್ಳಿನ ಹಾಗೆ ಉಳಿಯಿತು. ಕಾಕು ದುಡಿದಳು, ನಕ್ಕಳು, ನಮಗೆ ಕಾರ್ಡು ಓದಿದಳು. ಆಯಿ ಮಾತ್ರ ಒಂದು ದಿನವೂ ಅವಳ ಹೆಸರು ಹಿಡಿದು ಕರೆಯಲಿಲ್ಲ. ಕೊನೆಗೆ ನನ್ನ ಅವ್ವನ ಸೀಮಂತದ ದಿನ ಮುತ್ತೈದೆಯರ ಸಾಲಿನಲ್ಲಿ ಅವಳನ್ನು ಬಿಟ್ಟು ಮುಂದಿನವಳಿಗೆ ಕುಂಕುಮ ಕೊಟ್ಟಾಗ, ಕಾಕು ಎದ್ದಳು. ಅಳಲಿಲ್ಲ, ಬೈಯಲಿಲ್ಲ. ಸಂಜೆಯ ಬಸ್ಸಿಗೆ ತವರಿಗೆ ಹೋದಳು. ಕಾಕಾ ಎಷ್ಟೋ ಸಲ ಹೋಗಿ ಕರೆದ. "ನಾ ಆ ಮನಿಗೆ ಬಂದೇ ಇಲ್ಲ, ಹೊಳ್ಳಿ ಹೆಂಗ ಬರ್ಲಿ?" ಅಂದಳಂತೆ. ಅವನು ಬಂದು ಕಟ್ಟೆಯ ಮೇಲೆ ಸುಮ್ಮನೆ ಕೂರುತ್ತಿದ್ದ. ಮನೆಯಲ್ಲಿ ರೊಟ್ಟಿ ಬಡಿಯುವ ಸದ್ದೂ ಬೇರೆಯಾಗಿ ಕೇಳುತ್ತಿತ್ತು. ನನಗೆ ಕಾಕು ಬೇಕಾಗಿತ್ತು, ಅಷ್ಟೇ ಗೊತ್ತಿತ್ತು.

ಹೀಗಿರುವಾಗ ಒಂದು ಮಧ್ಯಾಹ್ನ ನನಗೂ ಶಬಾನಾಗೂ ಜೋರು ಜಗಳ ಬಿತ್ತು. ನನ್ನ ಕಾರ್ಡೊಂದರ ಹೊಡೆತಕ್ಕೆ ಅವಳು ಕೈಯಲ್ಲಿದ್ದ ಜಡಿರಾಣಿಯನ್ನು ಕಣಕ್ಕೆ ಇಳಿಸದೆಯೇ ಮುಚ್ಚಳಕ್ಕೆ ಹಾಕಬೇಕಾಯಿತು. ಮುಂದಿನ ಸರದಿಗೇ ಆ ಪುಣ್ಯಾತ್ಗಿತ್ತಿ ಎಬ್ಬಿಸುವ ಕಾರ್ಡನ್ನು ಟಪ್ಪೆಂದು ಇಟ್ಟು, "ಏಳವ್ವ ರಾಣಿ" ಅಂದಳು. ನಾನು ಬಿಡುತ್ತೇನೆಯೇ? ಇಬ್ಬರ ಬಾಯಿಯೂ ಮಾಳಿಗೆ ಮುಟ್ಟಿತು.

"ಏನ್ರೇ ಅದು ಗದ್ದಲ? ಎಲಿ ಎಣಸಾಕ ಬಿಡವಲ್ರಿ" ಎಂದು ಆಯಿ ಗದರಿದಳು.

"ನೋಡ ಆಯಿ, ಶಬಾನಾ ಈ ರಾಣಿನ್ನ ಎಬ್ಬಸಾಕತ್ತಾಳ. ಎಲಿ-ಅಡಿಕಿ ಕೊಟ್ಟು ಕರದೇ ಇಲ್ಲ. ರೀತಿ ಪ್ರಕಾರ ಬಂದೇ ಇಲ್ಲ. ಬರದಾಕಿ ಹೊಳ್ಳಿ ಹೆಂಗ ಬರ್ತಾಳ?"

ಆಯಿಯ ಕೈ ಎಲೆಯ ಮೇಲೆಯೇ ನಿಂತಿತು. "ಯಾರು ಹೇಳ್ಯಾರ ಇದನ್ನ?"

"ಕಾಕು."

ಒದ್ದೆ ಗೋಣಿಯಿಂದ ನೀರು ತೊಟ್ಟಿಕ್ಕುತ್ತಿತ್ತು. ಆಮೇಲೆ ಆಯಿ ನಮ್ಮ ಕಡೆ ನೋಡದೆಯೇ, "ಹಂಗಾದ್ರ ಆಕಿನ್ನ ತರಾಕ ದಾರೀನ ಇಲ್ಲೇನು?" ಅಂದಳು.

ಶಬಾನಾಗೆ ಸೋತ ಸಿಟ್ಟು ಇನ್ನೂ ಇಳಿದಿರಲಿಲ್ಲ. ಮೂತಿ ಉಬ್ಬಿಸಿಕೊಂಡೇ ಹೇಳಿದಳು: "ಐತಿ ಆಯಿ. ಎಬ್ಬಸಬಾರ್ದು. ಖಬರಸ್ತಾನದಿಂದ ಹೊಳ್ಳಿ ಕೈಗೆ ತಗೊಳ್ಳೋ ಕಾರ್ಡು ಬ್ಯಾರೆ ಐತಿ. ಹಂಗ ತಗೊಂಡು, ಮೊದಲಿಂದ ರೀತಿ ಪ್ರಕಾರ ಕರೀಬೇಕು."

"ಮೊದಲಿಂದ?"

"ಹೂನ್ರಿ. ಒಮ್ಮೆನೂ ಕರದೇ ಇಲ್ಲ ಅನ್ನೋ ಹಂಗ."

ಅಂದು ಸಂಜೆ ಆಯಿ ರಾಶಿಯಲ್ಲಿ ಕೈಯಾಡಿಸಿ, ಕಲೆಯಿಲ್ಲದ, ತುದಿ ಮುರಿಯದ ಎಳೆ ಎಲೆಗಳನ್ನು ಒಂದೊಂದಾಗಿ ಆರಿಸಿ ಬೇರೆ ಇಡುತ್ತಿದ್ದಳು. ವ್ಯಾಪಾರಿ ಕೇಳಿದರೆ, "ಅವು ಮಾರಾಕ ಅಲ್ಲ" ಅಂದಳು.

ಮರುದಿನ ನನ್ನನ್ನು ಕರೆದುಕೊಂಡು ಹೊರಟಳು. ಹಾನಗಲ್ಲಿನಲ್ಲಿ ಬಸ್ಸು ಬದಲಿಸಿ ಹಿರೇಕೆರೂರು ಮುಟ್ಟುವವರೆಗೂ ಎಲೆಯ ಗಂಟನ್ನು ತೊಡೆಯ ಮೇಲಿಂದ ಇಳಿಸಲಿಲ್ಲ, ನನಗೆ ಹಿಡಿಯಲೂ ಕೊಡಲಿಲ್ಲ. ಕಾಕುವಿನ ತವರಿನ ಅಂಗಳದಲ್ಲಿ ಚಪ್ಪಲಿ ಬಿಟ್ಟು, ಅವರು ಕೊಟ್ಟ ನೀರನ್ನೂ ಮುಟ್ಟದೆ, ತಾಟಿನಲ್ಲಿ ಎಲೆ, ಅಡಿಕೆ, ಕುಪ್ಪಸಕ್ಕೊಂದು ಖಣ ಇಟ್ಟು ನಿಂತಳು. ಕಾಕು ಒಳಗಿನಿಂದ ಬಂದು ಕಂಬಕ್ಕೆ ಆತುಕೊಂಡಳು. ಸೊರಗಿದ್ದಳು.

"ಹೊಳ್ಳಿ ಕರಿಯಾಕ ಬಂದೀರೇನ್ರಿ ಅತ್ತಿ?"

"ಹೊಳ್ಳಿ ಅಲ್ಲವ್ವ ಲಲಿತಾ" ಅಂದಳು ಆಯಿ. ಅವಳ ಬಾಯಲ್ಲಿ ಆ ಹೆಸರನ್ನು ನಾನು ಕೇಳಿದ್ದು ಅದೇ ಮೊದಲು. "ಮೊದಲ್ನೇ ಸಲ ಕರಿಯಾಕ ಬಂದೇನಿ."

ಕಾಕು ತಾಟು ನೋಡಿದಳು, ಆಯಿಯನ್ನು ನೋಡಿದಳು, ಆಮೇಲೆ ನನ್ನನ್ನು. ನಾನು ಯಾಕೋ ಲಂಗದ ತುದಿ ಹಿಡಿದು ನೆಲ ನೋಡಿದೆ. ಅವಳಿಗೆ ನಗು ಬಂತು, ಆ ನಗುವಿನ ಬೆನ್ನಿಗೇ ಅಳು ಬಂತು. ಅತ್ತೆ ಸೊಸೆ ಇಬ್ಬರೂ ಒಂದೇ ಕಂಬ ಹಿಡಿದುಕೊಂಡು ಅತ್ತರು. ಏನು ಮಾಡಬೇಕೆಂದು ತಿಳಿಯದೆ ನಾನೂ ಅತ್ತೆ.

ಮನೆಗೆ ಬಂದ ದಿನ ವ್ಯಾಪಾರಿಗಳೆಲ್ಲ ಇರುವ ಹೊತ್ತನ್ನೇ ನೋಡಿ ಆಯಿ ತಲೆಬಾಗಿಲು ಪೂರ್ತಿ ತೆಗೆಸಿದಳು. ಆರತಿ ಆಯಿತು. ಕಾಕು ಬಲಗಾಲಿನಿಂದ ಸೇರು ಒದ್ದಳು. ಅಕ್ಕಿ ಪಡಸಾಲೆಯ ತುಂಬ ಚೆಲ್ಲಿ, ಎಲೆರಾಶಿಯೊಳಗೆ, ಬುಟ್ಟಿಯ ಸಂದಿಯೊಳಗೆ, ನಮ್ಮ ಕಾರ್ಡಿನ ಮುಚ್ಚಳದೊಳಗೂ ಹೋಗಿ ಬಿತ್ತು. ನಾನೂ ಶಬಾನಾನೂ ಮಂಡಿಯೂರಿ ಆರಿಸಿದ್ದೇ ಆರಿಸಿದ್ದು. ಹಸಿರು ಬೆಳಕಿನಲ್ಲಿ ಆ ಅಕ್ಕಿಕಾಳುಗಳು ಹೊಳೆಯುತ್ತಿದ್ದುದು ಈಗ ಕಣ್ಣು ಮುಚ್ಚಿದರೂ ಕಾಣುತ್ತದೆ. ಕಾರ್ಡಿನ ಕಟ್ಟಳೆ ಕೇಳಿ ನೀನು ಹೋದದ್ದು ಹೌದಲ್ಲ ಎಂದು ದೊಡ್ಡವಳಾದ ಮೇಲೆ ಆಯಿಯನ್ನು ಕೇಳಿದರೆ, "ನಿಮ್ಮ ಇಸ್ಪೀಟಿನ ಮಾತು ಕೇಳಿ ನಾ ಯಾಕ ಹೋಗ್ಲಿ? ನನಗೇನು ಬುದ್ಧಿ ಇಲ್ಲೇನು?" ಎಂದು ಹರಿಹಾಯುತ್ತಿದ್ದಳು. ಕಾಕು ಹಿಂದಿನಿಂದ ನನಗೆ ಕಣ್ಣು ಹೊಡೆಯುತ್ತಿದ್ದಳು.

ಆಮೇಲೆ ಎಲ್ಲರ ಮನೆಯಲ್ಲೂ ಆಗುವುದೇ ಆಯಿತು. ನಿಮಗೆ ಹೇಳುವುದೇನಿದೆ, ನೀವೂ ಇಂಥದೊಂದು ಬಾಗಿಲನ್ನು ಕಳೆದುಕೊಂಡವರೇ ಇರುತ್ತೀರಿ. ಆಯಿ ಹೋದಳು. ಎಲೆಬಳ್ಳಿಗೆ ರೋಗ ಬಿತ್ತು, ತೋಟದಲ್ಲಿ ಮೆಕ್ಕೆಜೋಳ ಬಂತು. ಮನೆ ಪಾಲಾಗಿ, ಪಾಲುಗಳು ಸೈಟುಗಳಾಗಿ, ಪಡಸಾಲೆ ಇದ್ದಲ್ಲಿ ಈಗ ಮೊಬೈಲ್ ರಿಪೇರಿ ಅಂಗಡಿಯಿದೆ. ಕಾಕಾ-ಕಾಕು ಶಿಗ್ಗಾಂವದಲ್ಲಿ ನಮ್ಮ ಓಣಿಯಲ್ಲೇ ಮನೆ ಮಾಡಿದ್ದರು. ಹೋದ ಮಳೆಗಾಲದಲ್ಲಿ ಕಾಕುವಿಗೆ ಜ್ವರ ಬಂದದ್ದು ನೆವ. ಆಸ್ಪತ್ರೆಯ ಮಂಚದ ಮೇಲೂ ಔಷಧದ ಚೀಟಿಯನ್ನು ಕಣ್ಣಿನ ಹತ್ತಿರ ಹಿಡಿದು ನನಗೆ ಓದಿ ಹೇಳುತ್ತಿದ್ದಳು, ಅದೇ ಗಾಂಭೀರ್ಯದಿಂದ. ಈಗ ಅವಳಿಲ್ಲ.

ಬಸ್ಸು ತಪ್ಪಿಸಿಕೊಂಡ ಆ ದಿನ ನಾನು ಮುದುಕನಿಂದ ಎಲೆ ಕೊಂಡು ಮನೆಗೆ ಬಂದು ಶಬಾನಾಗೆ ಫೋನು ಹಚ್ಚಿದೆ. ಅವಳು ಮರುದಿನವೇ ಬಂದಳು. ಹಳೇ ಆಟವನ್ನು ತುಂಬಿಟ್ಟಿದ್ದ ಬಿಸ್ಕೀಟಿನ ಡಬ್ಬಿಯನ್ನು ಅಟ್ಟದಿಂದ ಇಳಿಸಿದೆವು. ಕಾರ್ಡುಗಳು ಮೆತ್ತಗಾಗಿ ಒಂದಕ್ಕೊಂದು ಅಂಟಿಕೊಂಡಿದ್ದವು. ಜಡಿರಾಣಿ ಇದ್ದಳು. ದೀಪದ ಬಣ್ಣ ಹೋಗಿದ್ದರೂ ಜಡೆ ಹಾಗೇ ಇತ್ತು. ನಾನು ಎಲೆಯೊಂದನ್ನು ಹಾಸಿದೆ, ಶಬಾನಾ ರಾಣಿಯನ್ನು ಅದರ ಮೇಲಿಟ್ಟಳು.

"ಕಾಕು ರೀತಿ ಪ್ರಕಾರ ಬಂದಾಕಿ ಅಲ್ಲೇನ?" ಅಂದಳು ಶಬಾನಾ.

"ಬಂದಾಕಿ. ತಲಿಬಾಗಲಿಂದ, ಸೇರಕ್ಕಿ ಒದ್ದು ಬಂದಾಕಿ."

"ಹಂಗಾದ್ರ ಎಬ್ಬಸಾಕ ಅಡ್ಡಿ ಇಲ್ಲ."

"ಇಲ್ಲ."

ಇಬ್ಬರೂ ಸೇರಿ ಡಬ್ಬಿಯನ್ನು ತಳದವರೆಗೂ ಹುಡುಕಿದೆವು, ಅಂಟಿಕೊಂಡಿದ್ದ ಕಾರ್ಡುಗಳನ್ನು ಒಂದೊಂದಾಗಿ ಬಿಡಿಸಿ ನೋಡಿದೆವು. ಎಲ್ಲ ಇದ್ದವು. ಎಬ್ಬಿಸುವ ಕಾರ್ಡು ಮಾತ್ರ ಇರಲಿಲ್ಲ.