ಕೊಡೆ ಕಿಟ್ಟಪ್ಪನ ಫೋಟೋ

ರಶ್ಮಿಯವರೇ, ಫೋಟೋದಲ್ಲಿ ಹರಿದ ಕೊಡೆ ಹಿಡಿದು ನಿಂತವರು ನನ್ನ ಅಜ್ಜ ಅಲ್ಲ, ನಿಮ್ಮ ಮುತ್ತಾತ ನಂಜಪ್ಪನವರು. ಅಬುಧಾಬಿಯ ಕನ್ನಡ ಕಾರ್ಯಕ್ರಮದಲ್ಲಿ ಆ ಫೋಟೋ ತೋರಿಸಿ, "ಮೂಕಿ ಸಿನಿಮಾದಲ್ಲಿ ನಗಿಸಿದ ಕೊಡೆ ಕಿಟ್ಟಪ್ಪ ನನ್ನ ಅಜ್ಜ" ಎಂದು ನಾನು ಹೇಳಿದ್ದು ಸುಳ್ಳು. ಗೊತ್ತಿದ್ದೇ ಹೇಳಿದ ಸುಳ್ಳು. ಏಳು ವರ್ಷವಾಯಿತು.

ಕಂಪನಿ ನಾಟಕದಲ್ಲಿ ಹಾಸ್ಯಪಾತ್ರದ ಹೆಸರೇ ನಟನ ಹೆಸರಾಗುತ್ತಿತ್ತು. ಪಾತ್ರ ಯಾರ ಪಾಲಿಗೆ ಹೋಯಿತೋ ಹೆಸರೂ ಅವರದ್ದೇ. ಮೊದಲ ಕಿಟ್ಟಪ್ಪ ನಂಜಪ್ಪನವರು. ಅವರು ಸಿನಿಮಾಕ್ಕೆ ಹೋದಾಗ ಕೊಡೆಯೂ ಹೆಸರೂ ನನ್ನ ಅಜ್ಜನಿಗೆ ಬಂದವು. ಸಿನಿಮಾಕ್ಕೆ ಆಗ ಮಾತಿರಲಿಲ್ಲ — ನಂಜಪ್ಪನವರ ಬಂಡವಾಳವೆಲ್ಲ ನಾಲಿಗೆಯಲ್ಲೇ. ಬಿಡಲಿಲ್ಲ ಮನುಷ್ಯ. ಟೆಂಟಿನಲ್ಲಿ ಪರದೆಯ ಪಕ್ಕ ನಿಂತು ತಮ್ಮ ಪಾತ್ರಕ್ಕೆ ತಾವೇ ಮಾತಾಡಿದರು, ದಿನಕ್ಕೊಂದು ಹೊಸ ಮಾತು. ಸಿನಿಮಾವೇ ಮಾತಾಡಲು ಕಲಿತ ಮೇಲೆ ಅವರು ಯಾರಿಗೂ ಬೇಡವಾದರು. ಕಂಪನಿಗೆ ಮರಳಿದರು. ಅಜ್ಜ ಪಾತ್ರ ಬಿಟ್ಟುಕೊಡಲಿಲ್ಲ. ನಂಜಪ್ಪನವರು ಜಗಳವಾಡದೆ, ಈ ಫೋಟೋ ಅಜ್ಜನ ಕೈಗಿತ್ತು ಹೋದರಂತೆ. ಇದನ್ನೆಲ್ಲ ನನಗೆ ಹೇಳಿದ್ದು ಅಜ್ಜನೇ: "ಸಿನಿಮಾಕ್ಕೆ ಹೋದದ್ದು ನಾನಲ್ಲ ಮಗಾ. ಅವ ಬಿಟ್ಟು ಹೋದ ಕೊಡೆ ಹಿಡ್ಕೊಂಡವ ನಾನು."

ಮತ್ತೆ ನಾನೇಕೆ ಸುಳ್ಳು ಹೇಳಿದೆ? ರುವೈಸ್‌ನ ತೈಲ ಸ್ಥಾವರದಲ್ಲಿ ವರ್ಷಗಟ್ಟಲೆ ಪೈಪು, ವಾಲ್ವು ನೋಡಿಕೊಂಡಿದ್ದವನಿಗೆ ಯಾರೂ ಚಪ್ಪಾಳೆ ತಟ್ಟಿರಲಿಲ್ಲ. ಅಂದು ತಟ್ಟಿದರು. ಶಾಲು ಹೊದಿಸಿದರು. ಪುಟ್ಟ ಮಗಳು ಓಡಿ ಬಂದು, "ಪಪ್ಪಾ, ವಿ ಹ್ಯಾವ್ ಎ ಮೂವಿ ಸ್ಟಾರ್!" ಎಂದಳು. ಖುಷಿಯಾಯಿತು, ಅದನ್ನೂ ಮುಚ್ಚಿಡುವುದಿಲ್ಲ.

ಆಮೇಲೆ ನೀವು ಬಂದಿರಿ. ಮೈಸೂರಿನವರು, ಅಲ್ ಐನ್‌ನಲ್ಲಿ ಟೀಚರ್ ಎಂದು ಪರಿಚಯ ಹೇಳಿಕೊಂಡು, "ಸರ್, ನಮ್ಮ ಮುತ್ತಾತನ್ನೂ ಕೊಡೆ ಕಿಟ್ಟಪ್ಪ ಅಂತಾನೇ ಕರೀತಿದ್ರಂತೆ. ಸಿನಿಮಾದಲ್ಲೂ ಮಾಡಿದ್ರು ಅಂತ ನಮ್ಮಜ್ಜಿ ಹೇಳ್ತಾರೆ, ಮುತ್ತಾತನ ಮಗಳು. ಮನೇಲಿ ಒಂದು ಫೋಟೋನೂ ಇಲ್ಲ" ಎಂದಿರಿ. ನಿಜ ಹೇಳಲು ಅದಕ್ಕಿಂತ ಸುಲಭದ ಗಳಿಗೆ ಇರಲಿಲ್ಲ — ಆದರೆ ಹೆಗಲ ಮೇಲೆ ಶಾಲಿತ್ತು. "ಅದು ಬೇರೆ ಯಾರೋ ಇರ್ಬೇಕು ಮಾರಾಯ್ರೆ" ಎಂದು ನಕ್ಕುಬಿಟ್ಟೆ.

ಕಳೆದ ತಿಂಗಳು ದುಬೈಯಲ್ಲಿ ಮದುವೆ ಊಟಕ್ಕೆ ಪಕ್ಕದಲ್ಲೇ ಕೂತ ನೀವು ಸುಮ್ಮನೆ ಮಾತಿಗೆಂಬಂತೆ ಹೇಳಿದಿರಿ. ನನ್ನ ಮಾತನ್ನು ಅಂದೇ ಅಜ್ಜಿಗೆ ತಿಳಿಸಿದ್ದಿರಂತೆ. "ಹಂಗಾದ್ರೆ ನಮ್ಮಪ್ಪ ಸುಳ್ಳು ಹೇಳ್ತಿದ್ರಾ?" ಎಂದರಂತೆ ಅವರು. ಆಮೇಲೆ ಅಪ್ಪನ ಕಥೆ ಹೇಳುವುದನ್ನೇ ಬಿಟ್ಟರಂತೆ.

ಸಾಕು. ಬರುವ ಶನಿವಾರ ಅಬುಧಾಬಿಯ ಅದೇ ಸಭಾಂಗಣದಲ್ಲಿ ಮಾತಾಡಲು ಹತ್ತು ನಿಮಿಷ ಕೇಳಿ ಪಡೆದಿದ್ದೇನೆ. ಅದೇ ಫೋಟೋ, ಸರಿಯಾದ ಹೆಸರು. ಮಗಳಿಗೆ ನಿನ್ನೆಯೇ ಹೇಳಿದೆ. ಅವಳಿನ್ನೂ ನನ್ನೊಡನೆ ಮಾತಾಡಿಲ್ಲ. ಅಜ್ಜನ ಮೇಲೆ ಹಾಕಿ ಜಾರಿಕೊಳ್ಳುವುದಿಲ್ಲ — ಅವನು ಪಾತ್ರ ಇಟ್ಟುಕೊಂಡ, ಅದು ಕಂಪನಿಯ ರೂಢಿ. ಸಿನಿಮಾವನ್ನೂ ಕಿತ್ತುಕೊಂಡವನು ನಾನು.

ಮರುವಾರ ರಜೆ ಹಾಕಿ ಮೈಸೂರಿಗೆ ಹೋಗುತ್ತೇನೆ. ಫೋಟೋ ನಿಮ್ಮಜ್ಜಿಯ ಕೈಗೆ ನಾನೇ ಕೊಡಬೇಕು. ಅವರು ಬೈದರೆ ನಿಂತು ಕೇಳಬೇಕು. ಆದರೆ ಅಲ್ಲಿಯವರೆಗೆ ಅವರನ್ನು ಕಾಯಿಸಬೇಡಿ. ಇದನ್ನು ಓದಿದ ಕೂಡಲೇ ಫೋನ್ ಮಾಡಿ ಹೇಳಿ: ಅವರಪ್ಪ ಸುಳ್ಳು ಹೇಳಿರಲಿಲ್ಲ. ಹೇಳಿದವನು ನಾನು.