ಕದಲದ ಕಂತು

ಬೆಳಿಗ್ಗೆ ಐದು ಗಂಟೆ ನಲವತ್ತು ನಿಮಿಷ. ಆಸ್ಪತ್ರೆಯ ಹಿಂಬದಿಯ ಬಾಯ್ಲರ್ ಕೋಣೆಯಲ್ಲಿ ಹಬೆಯಣ್ಣ ನೀರಿನ ಮಟ್ಟ ತೋರಿಸುವ ಗಾಜಿನ ಕೊಳವೆಯ ಕೆಳಗಿನ ಕೊಳಾಯಿಯನ್ನು ತೆರೆದು ಮುಚ್ಚಿದ. ಬುಸ್ಸೆಂದು ಬಿಸಿನೀರು ಹೊರಬಿತ್ತು. ಗಾಜಿನೊಳಗೆ ನೀರು ಮತ್ತೆ ಅರ್ಧದವರೆಗೆ ಏರುವ ತನಕ ಅವನು ಕಣ್ಣು ಕೀಳಲಿಲ್ಲ. ಏರಿತು. ಒತ್ತಡದ ಮುಳ್ಳು ಏಳರ ಮೇಲಿತ್ತು. ದಾಖಲೆ ಪುಸ್ತಕದಲ್ಲಿ ‘೭’ ಎಂದು ಬರೆದು, ಪೆನ್ನನ್ನು ಕಿವಿಗೆ ಸಿಕ್ಕಿಸಿಕೊಂಡ.

ಇಪ್ಪತ್ತಾರು ವರ್ಷದಿಂದ ಅವನ ಕೆಲಸ ಇದೇ. ಆರು ಗಂಟೆಗೆ ಪಕ್ಕದ ಲಾಂಡ್ರಿಯಲ್ಲಿ ಮೂರು ದೊಡ್ಡ ಯಂತ್ರಗಳು ಒಟ್ಟಿಗೆ ಹಬೆ ಎಳೆಯುತ್ತವೆ. ಆಗ ಮುಳ್ಳು ಕೆಳಕ್ಕೆ ಬೀಳುವುದು ನ್ಯಾಯ. ಇವನ ಪಾಳಿಯಲ್ಲಿ ಮಾತ್ರ ಬೀಳುತ್ತಿರಲಿಲ್ಲ. ಮೂರು ನಿಮಿಷ ಮೊದಲೇ ಉರಿ ಏರಿಸಿಟ್ಟುಕೊಂಡಿರುತ್ತಿದ್ದ. ‘ಹಬೆಯಣ್ಣ’ ಎಂದು ಹೆಸರಿಟ್ಟವರು ಲಾಂಡ್ರಿಯ ಹೆಂಗಸರೇ. “ಹಬೆಯಣ್ಣನ ಮುಳ್ಳು ಕದಲಿದ ದಿನ ನಮ್ಮತ್ತೆ ನನ್ನನ್ನ ಹೊಗಳ್ತಾಳೆ” ಎಂದು ಅವರಲ್ಲೊಬ್ಬಳು ಹೇಳಿದ ಮಾತು ಆಸ್ಪತ್ರೆಯ ಮೂರು ಮಹಡಿಯನ್ನೂ ಸುತ್ತಿ ಬಂದಿತ್ತು.

ಮನೆಯಲ್ಲೂ ಅವನ ಜಾಯಮಾನ ಅದೇ. ನಲವತ್ತನೆಯ ವಯಸ್ಸಿನಲ್ಲಿ ಒಂದು ಮನೆ ಕೊಂಡಿದ್ದ. ಮುಂದೊಂದು ಕೋಣೆ, ಒಳಗೆರಡು, ಅಡುಗೆಮನೆ, ಎಲ್ಲಿಗೂ ಹೋಗದೆ ತಾರಸಿಯಲ್ಲಿ ಮುಗಿಯುವ ಒಂದು ಮೆಟ್ಟಿಲು. ಬೆಲೆ ಇಪ್ಪತ್ತಾರು ಲಕ್ಷ. ಆರು ಲಕ್ಷ ಕೈಯಿಂದ ಹಾಕಿ, ಉಳಿದ ಇಪ್ಪತ್ತಕ್ಕೆ ಬ್ಯಾಂಕಿನ ಸಾಲ. ನೂರಕ್ಕೆ ಎಂಟರ ಬಡ್ಡಿ, ಇಪ್ಪತ್ತು ವರ್ಷ, ತಿಂಗಳ ಕಂತು ಹದಿನಾರು ಸಾವಿರದ ಏಳುನೂರ ಇಪ್ಪತ್ತೊಂಬತ್ತು. ಇಪ್ಪತ್ತು ವರ್ಷ ಎಂದರೆ ಸರಿಯಾಗಿ ಅವನ ನಿವೃತ್ತಿಗೆ ಮುಗಿಯುತ್ತದೆ. ಕಪಾಟಿನ ಬಾಗಿಲ ಒಳಬದಿಯಲ್ಲಿ ಸ್ಕೇಲು ಇಟ್ಟು ಇನ್ನೂರ ನಲವತ್ತು ಚೌಕ ಗೀಚಿದ. ಪ್ರತಿ ತಿಂಗಳು ಐದನೆಯ ತಾರೀಕು, ದುಡ್ಡು ಹೋಯಿತೆಂದು ಫೋನಿಗೆ ಸಂದೇಶ ಬಂದ ಕೂಡಲೇ ಒಂದು ಚೌಕಕ್ಕೆ ಅಡ್ಡಗೀಟು ಎಳೆಯುತ್ತಿದ್ದ. ಹನ್ನೊಂದು ವರ್ಷದಲ್ಲಿ ನೂರ ಮೂವತ್ತೆರಡು ಗೀಟುಗಳಾಗಿದ್ದವು. ಕಂತು ಒಂದು ಕಾಸೂ ಏರಿರಲಿಲ್ಲ, ಇಳಿದಿರಲಿಲ್ಲ.

ಆ ದಿನ ಹತ್ತೂವರೆಗೆ ಅವನು ಅನುಮತಿ ಪಡೆದು ಬ್ಯಾಂಕಿಗೆ ಹೊರಟಿದ್ದು ಸಂತೋಷದ ಕೆಲಸಕ್ಕೇ. ಹೆಂಡತಿ ಹದಿನಾಲ್ಕು ವರ್ಷದಿಂದ ಸಮವಸ್ತ್ರ ಹೊಲಿಯುವ ಅಂಗಡಿಯೊಂದರಲ್ಲಿ ಬಟ್ಟೆ ಕತ್ತರಿಸುವವಳು. ತಾರಸಿಯ ಮೇಲೆ ಸ್ವಂತದ್ದೊಂದು ಹೊಲಿಗೆ ಕೋಣೆ ಎಂಬುದು ಅವಳ ಆಸೆ. ಇಬ್ಬರೂ ಸೇರಿ ಮೂರು ಲಕ್ಷ ಕೂಡಿಸಿದ್ದರು. ಮೇಸ್ತ್ರಿ ಅಳತೆ ತೆಗೆದುಕೊಂಡು ಹೋಗಿದ್ದ, ಭಾನುವಾರ ಮುಂಗಡಕ್ಕೆ ಬರುವವನಿದ್ದ. ಮನೆ ಅಡವಿರುವುದರಿಂದ ಮೇಲೆ ಕಟ್ಟಲು ಬ್ಯಾಂಕಿನ ಒಪ್ಪಿಗೆ ಪತ್ರ ಬೇಕಿತ್ತು, ಅಷ್ಟೇ.

ಸಾಲ ವಿಭಾಗದ ಅಧಿಕಾರಿಣಿ ಒಂದು ಹಾಳೆ ಮುದ್ರಿಸಿ ಮುಂದಿಟ್ಟಳು. “ಇದನ್ನೂ ಜೊತೆಗಿಡಿ ಸಾರ್, ಸಾಲದ ಈಗಿನ ಸ್ಥಿತಿ.”

ಅವನು ಓದಿ, ಹಾಳೆಯನ್ನು ಮೆಲ್ಲಗೆ ಅವಳ ಕಡೆಗೇ ತಳ್ಳಿದ. “ಮೇಡಂ, ಇದು ಬೇರೆ ಯಾರದ್ದೋ ಇರ್ಬೇಕು. ಉಳಿದ ಕಂತು ನೂರ ಎಪ್ಪತ್ತೈದು ಅಂತಿದೆ. ನನಗೆ ಉಳಿದಿರೋದು ನೂರ ಎಂಟು.”

ಅವಳು ಹೆಸರು ನೋಡಿದಳು, ಸಂಖ್ಯೆ ನೋಡಿದಳು. “ನಿಮ್ಮದೇ ಸಾರ್. ಎಂಟು ವರ್ಷದ ಹಿಂದೆ ಬಡ್ಡಿ ದರ ಎಂಟರಿಂದ ಒಂಬತ್ತೂವರೆಗೆ ಹೋಯ್ತಲ್ಲ?”

“ಕಂತು ಬದಲಾಗಲೇ ಇಲ್ವಲ್ಲ?”

“ಕಂತು ಬದಲಾಗ್ಲಿಲ್ಲ. ಅವಧಿ ಉದ್ದ ಆಯ್ತು. ಪತ್ರ ಕಳಿಸಿದ್ವಿ.”

“ಅಸಲು ಎಷ್ಟು ಉಳಿದಿದೆ?”

“ಹದಿನೈದು ಲಕ್ಷದ ಎಪ್ಪತ್ತೆಂಟು ಸಾವಿರ.”

ಇದುವರೆಗೆ ಕಟ್ಟಿದ್ದೆಷ್ಟು ಎಂಬುದು ಅವನಿಗೆ ಬಾಯಿಪಾಠ: ಇಪ್ಪತ್ತೆರಡು ಲಕ್ಷದ ಎಂಟು ಸಾವಿರದ ಇನ್ನೂರ ಇಪ್ಪತ್ತೆಂಟು. ಇಪ್ಪತ್ತು ಲಕ್ಷ ಸಾಲ ತಂದು, ಇಪ್ಪತ್ತೆರಡು ಲಕ್ಷ ತೀರಿಸಿ, ಇನ್ನೂ ಹದಿನೈದು ಮುಕ್ಕಾಲು ಬಾಕಿ. ಹೊರಗೆ ಬಂದವನು ಬ್ಯಾಂಕಿನ ಮೆಟ್ಟಿಲ ಮೇಲೆ ಸ್ವಲ್ಪ ಹೊತ್ತು ನಿಂತ. ಅರವತ್ತಕ್ಕೆ ಸಂಬಳ ನಿಲ್ಲುತ್ತದೆ. ಸಾಲ ನಿಲ್ಲುವುದು ಅರವತ್ತೈದು ದಾಟಿ ಏಳು ತಿಂಗಳಿಗೆ. ನಡುವಿನ ಹನ್ನೊಂದು ಲಕ್ಷ ಯಾವ ಮರದಿಂದ ಉದುರಬೇಕು?

ಬಾಯ್ಲರ್ ಕೋಣೆಗೆ ಮರಳಿದಾಗ ಹನ್ನೊಂದು ಮುಕ್ಕಾಲು. ದಾಖಲೆ ಪುಸ್ತಕದ ರದ್ದಿ ಹಾಳೆಯೊಂದರ ಹಿಂದೆ ನಾಲ್ಕು ಕಾಲಂ ಎಳೆದ: ತಿಂಗಳು, ಕಟ್ಟಿದ್ದು, ಬಡ್ಡಿಗೆ ಹೋದದ್ದು, ಅಸಲಿಗೆ ಹೋದದ್ದು. ಮೊದಲ ತಿಂಗಳ ಹದಿನಾರು ಸಾವಿರ ಚಿಲ್ಲರೆಯಲ್ಲಿ ಬಡ್ಡಿಗೆ ಹೋದದ್ದು ಹದಿಮೂರು ಸಾವಿರದ ಮುನ್ನೂರ ಮೂವತ್ತಮೂರು. ಅಸಲಿನಲ್ಲಿ ಸವೆದದ್ದು ಮೂರು ಸಾವಿರದ ಮುನ್ನೂರ ತೊಂಬತ್ತಾರು. ಅದು ಮೂರು ವರ್ಷದಲ್ಲಿ ನಿಧಾನವಾಗಿ ನಾಲ್ಕು ಸಾವಿರದ ಮುನ್ನೂರಕ್ಕೆ ಏರಿತ್ತು. ದರ ಏರಿದ ತಿಂಗಳು ಧೊಪ್ಪನೆ ಬಿದ್ದಿತ್ತು: ಸಾವಿರದ ಒಂಬೈನೂರ ಎಂಬತ್ತೈದಕ್ಕೆ. ಆ ತಿಂಗಳೂ ಅವನು ಕಪಾಟಿನ ಬಾಗಿಲಲ್ಲಿ ಒಂದು ಪೂರ್ತಿ ಚೌಕಕ್ಕೆ ಗೀಟು ಎಳೆದಿದ್ದ.

ಅವನು ಪೆನ್ನು ಕೆಳಗಿಟ್ಟು ಮುಳ್ಳಿನ ಕಡೆ ನೋಡಿದ. ಏಳು.

ಅವನಿಗೆ ನಾಚಿಕೆಯಾದದ್ದು ಇಲ್ಲಿ. ಎರಡು ವರ್ಷದ ಹಿಂದೆ ಮಧ್ಯಾಹ್ನದ ಪಾಳಿಯವನು, “ನೋಡಿ, ನನ್ನ ಪಾಳಿಯಲ್ಲೂ ಮುಳ್ಳು ಏಳರಲ್ಲೇ ಇದೆ” ಎಂದು ಬೀಗಿದ್ದ. ಹಬೆಯಣ್ಣ ಮುಳ್ಳನ್ನು ನೋಡದೆ ದಾಖಲೆ ಪುಸ್ತಕದ ಡೀಸೆಲ್ ಕಾಲಂ ಮೇಲೆ ಬೆರಳಿಟ್ಟಿದ್ದ. “ಗಂಟೆಗೆ ನಲವತ್ತು ಲೀಟರ್ ಕುಡೀತಿದ್ದದ್ದು ನಲವತ್ತೇಳು ಕುಡೀತಿದೆ. ಅದೇ ಏಳಕ್ಕೆ! ಒಳಗೆ ಸುಣ್ಣ ಕಟ್ಟಿದೆ ಕಣಯ್ಯ, ಬಿಚ್ಚಿಸು.” ಬಿಚ್ಚಿಸಿದಾಗ ಕೊಳವೆಗಳ ಮೇಲೆ ಉಗುರಿನ ದಪ್ಪ ಸುಣ್ಣವಿತ್ತು. ಮುಳ್ಳು ನಿಂತಿದ್ದರೆ ಎಲ್ಲ ಸರಿ ಎಂದಲ್ಲ, ಅದನ್ನು ನಿಲ್ಲಿಸಲು ಎಷ್ಟು ಸುಡುತ್ತಿದ್ದೇವೆ ಎಂದು ನೋಡಬೇಕು — ಈ ಪಾಠವನ್ನು ಊರಿಗೆಲ್ಲ ಹೇಳಿದವನು, ಮನೆಗೆ ಬಂದ ಮೇಲೆ ಎಂಟು ವರ್ಷ ಮುಳ್ಳನ್ನೇ ನೋಡಿಕೊಂಡು ನಿದ್ದೆ ಮಾಡಿದ್ದ.

ಮನೆಯಲ್ಲಿ ಕಡತ ತೆಗೆದು ಹುಡುಕಿದರೆ ಪತ್ರವೂ ಸಿಕ್ಕಿತು. ತಾರೀಕಿನ ಪ್ರಕಾರ ತೂತು ಕೊರೆದು, ಅಂದವಾಗಿ ಪೋಣಿಸಿಟ್ಟಿದ್ದ. ಮೊದಲ ಸಾಲು: ನಿಮ್ಮ ಮಾಸಿಕ ಕಂತಿನಲ್ಲಿ ಬದಲಾವಣೆ ಇಲ್ಲ. ಎರಡನೆಯ ಸಾಲು: ಮರುಪಾವತಿಯ ಅವಧಿ ಪರಿಷ್ಕೃತವಾಗಿದೆ. ಯಾರೂ ಏನನ್ನೂ ಮುಚ್ಚಿಟ್ಟಿರಲಿಲ್ಲ. ಅವನು ಮೊದಲ ಸಾಲಿನ ಪಕ್ಕ ಸರಿ ಗುರುತು ಹಾಕಿ ಎತ್ತಿಟ್ಟಿದ್ದ.

ಮೂರು ದಿನ ಹೆಂಡತಿಗೆ ಹೇಳಲಿಲ್ಲ. ಪಾಳಿ ಮುಗಿದ ಮೇಲೆ ಬಾಯ್ಲರ್ ಕೋಣೆಯ ಬೆಂಚಿನ ಮೇಲೆ ಕ್ಯಾಲ್ಕುಲೇಟರ್ ಹಿಡಿದು, ಒಂದೊಂದೇ ತಿಂಗಳು ಮುಂದಕ್ಕೆ ಲೆಕ್ಕ ಹಾಕುತ್ತ ಹೋದ. ಏನೂ ಮಾಡದಿದ್ದರೆ ಏನಾಗುತ್ತದೆ, ಆ ಮೂರು ಲಕ್ಷವನ್ನು ಸಾಲಕ್ಕೆ ಕಟ್ಟಿದರೆ ಏನಾಗುತ್ತದೆ. ಎರಡನೆಯ ಉತ್ತರ ಬಂದಾಗ ನಂಬಿಕೆ ಬರದೆ, ಮೊದಲಿಂದ ಮತ್ತೊಮ್ಮೆ ಮಾಡಿದ. ಅದೇ ಬಂತು. ಉತ್ತರ ಚೆನ್ನಾಗಿದ್ದದ್ದೇ ಕಷ್ಟವಾಯಿತು. ಆ ಮೂರು ಲಕ್ಷದ ಮೇಲೆ ಹೆಂಡತಿಯ ಕಿಟಕಿ ಎಷ್ಟಗಲ, ಮೇಜು ಎಷ್ಟುದ್ದ ಎಂಬುದೆಲ್ಲ ಆಗಲೇ ನಿಗದಿಯಾಗಿತ್ತು.

ಶನಿವಾರ ಸಂಜೆ ಅವಳೇ ಶುರು ಮಾಡಿದಳು. ಮೇಸ್ತ್ರಿಗೆ ತೋರಿಸಲೆಂದು ಮೇಜಿನ ಅಳತೆಯನ್ನು ಹಳೆಯ ರಟ್ಟಿನ ಮೇಲೆ ಬರೆಯುತ್ತಿದ್ದವಳು ತಲೆ ಎತ್ತದೆ ಕೇಳಿದಳು: “ಮೂರು ದಿನದಿಂದ ನೋಡ್ತಿದೀನಿ. ಯಾರಿಗಾದ್ರೂ ಜಾಮೀನು ಹಾಕಿದ್ರಾ?”

“ಇಲ್ಲ.”

“ಕೆಲಸ ಹೋಯ್ತಾ?”

“ಇಲ್ವೇ.”

“ಹಂಗಾದ್ರೆ ಹೇಳಿ. ಇವೆರಡಕ್ಕಿಂತ ಕೆಟ್ಟದ್ದು ನಿಮ್ಮ ಕೈಲಿ ಆಗೋದಲ್ಲ.”

ಅವನು ಹಾಳೆಗಳನ್ನು ತಂದು ರಟ್ಟಿನ ಮೇಲೆ ಹರಡಿದ. ಏನನ್ನೂ ಬಿಡದೆ ಹೇಳಿದ: ದರ, ಪತ್ರ, ಎರಡನೆಯ ಸಾಲು, ನೂರ ಎಪ್ಪತ್ತೈದು. ಅವಳು ಕಾಲಂಗಳ ಮೇಲೆ ಬೆರಳು ಓಡಿಸಿದಳು. ಬಟ್ಟೆ ಕತ್ತರಿಸುವವರಿಗೆ ಗೀಟು ಎಳೆದದ್ದು ಬೇಗ ಅರ್ಥವಾಗುತ್ತದೆ.

“ಅಂದ್ರೆ ಹದಿನಾರು ಮೀಟರ್ ಬಟ್ಟೆ ಕೊಟ್ಟು ಎರಡು ಮೀಟರಿನ ಅಂಗಿ ಹೊಲಿಸಿದ ಹಾಗೆ.”

“ದರ ಏರಿದ ತಿಂಗಳು ಹಾಗೇ. ಈಗ ನಾಲ್ಕು ಮೀಟರಿನದ್ದು ಬರ್ತಿದೆ.”

“ಉಳಿದದ್ದೆಲ್ಲ ಚಿಂದಿ.” ಬೈಯುತ್ತಾಳೆಂದು ಅವನು ಕಾದ. ಅವಳು ಇನ್ನೊಂದು ಹಾಳೆ ಎಳೆದುಕೊಂಡಳು. “ಇದೇನು, ನೂರ ಹದಿನೆಂಟು?”

“ಅದು... ಮೂರು ಲಕ್ಷ ಈಗಲೇ ಕಟ್ಟಿದ್ರೆ. ನೂರ ಎಪ್ಪತ್ತೈದು ಕಂತು ನೂರ ಹದಿನೆಂಟಕ್ಕೆ ಇಳಿಯುತ್ತೆ. ಐವತ್ತೇಳು ತಿಂಗಳು ಕಡಿಮೆ. ನೀನು ಮಾಡು ಅಂತ ಹೇಳ್ತಿಲ್ಲ. ಲೆಕ್ಕ ಇರಲಿ ಅಂತ.”

“ಐವತ್ತೇಳು ತಿಂಗಳ ದುಡ್ಡು ಎಷ್ಟು?”

“ಹತ್ತಿರ ಹತ್ತಿರ ಒಂಬತ್ತೂವರೆ ಲಕ್ಷ.”

“ಮೂರು ಕೊಟ್ಟರೆ ಒಂಬತ್ತೂವರೆ ಕೊಡೋದು ತಪ್ಪುತ್ತೆ. ಇದನ್ನ ಮೂರು ದಿನ ಹೊಟ್ಟೇಲಿ ಇಟ್ಕೊಂಡಿದ್ರಾ? ಅದಕ್ಕೇ ನಿನ್ನೆ ಅರ್ಧ ಊಟಕ್ಕೇ ಎದ್ದದ್ದು.”

“ನಿನ್ನ ಕೋಣೆ?”

ಅವಳು ಎದ್ದು ಮುಂದಿನ ಕೋಣೆಗೆ ಹೋದಳು. ಬಾಗಿಲಲ್ಲಿ ನಿಂತು ಅದನ್ನು ಹೊಸಬಳಂತೆ ನೋಡಿದಳು. ಪೂರ್ವದ ದೊಡ್ಡ ಕಿಟಕಿ. ಅದರ ಕೆಳಗೆ ಸೋಫಾ, ಎದುರಿಗೆ ಟಿವಿ. ಹೆಜ್ಜೆ ಹಾಕಿ ಅಳೆದಳು: ಒಂದು, ಎರಡು, ಮೂರೂವರೆ.

“ಸೋಫಾ ಒಳಗೆ ಹೋಗ್ಲಿ,” ಎಂದಳು. “ಟಿವಿನೂ ಹೋಗ್ಲಿ. ಕತ್ತರಿಸೋ ಮೇಜು ಕಿಟಕಿ ಹತ್ತಿರ, ಯಂತ್ರ ಈ ಮೂಲೆಗೆ. ಬೀದಿಗೇ ಬಾಗಿಲು, ಹೊಲಿಸೋಕೆ ಬರೋರು ಮೆಟ್ಟಿಲು ಹತ್ತೋದೂ ಬೇಡ.”

“ಬಂದವರನ್ನ ಎಲ್ಲಿ ಕೂರಿಸೋದು?”

“ಬರೋದು ನಿಮ್ಮಕ್ಕ ಒಬ್ರು. ಅವರು ಬಂದ್ರೆ ಅಡುಗೆಮನೆಗೇ ಬರ್ತಾರೆ, ಪಾತ್ರೆ ಮುಚ್ಚಳ ತೆಗೆದು ನೋಡೋಕೆ.” ಅವಳು ತಿರುಗಿದಳು. “ನೂರ ಹದಿನೆಂಟು ಆದ್ರೂ ನಿಮ್ಮ ರಿಟೈರ್‌ಮೆಂಟ್ ದಾಟುತ್ತಲ್ಲ ರೀ. ಹತ್ತು ತಿಂಗಳು.”

“ಕಂತು ಸ್ವಲ್ಪ ಏರಿಸಿದ್ರೆ ಆಗುತ್ತೆ. ಹದಿನೇಳು ಸಾವಿರದ ಏಳುನೂರು ಮಾಡಿದ್ರೆ ಸರಿಯಾಗಿ ನೂರ ಎಂಟು.”

“ಹದಿನೆಂಟು ಸಾವಿರ ಮಾಡಿ. ಹೆಚ್ಚಿನ ಸಾವಿರದ ಇನ್ನೂರ ಎಪ್ಪತ್ತೊಂದು ನನ್ನದು, ಈ ಕೋಣೆಯ ಬಾಡಿಗೆ. ಆದ್ರೆ ಒಂದು ಮಾತು. ನಾಳೆ ಮೇಸ್ತ್ರಿಗೆ ಹೇಳೋರು ನೀವೇ.”

ಮೇಸ್ತ್ರಿಗೆ ಹೇಳುವುದು ಬ್ಯಾಂಕಿಗೆ ಹೇಳುವುದಕ್ಕಿಂತ ಕಷ್ಟವಾಯಿತು. ಎರಡು ಲೋಟ ಚಹಾ, ಒಂದು ಕ್ಷಮೆ, “ಒಂಬತ್ತು ವರ್ಷ ಬಿಟ್ಟು ನೀವೇ ಬಂದು ಕಟ್ಟಬೇಕು” ಎಂಬ ಮಾತು. ಮೇಸ್ತ್ರಿ ನಕ್ಕು, “ಅಷ್ಟೊತ್ತಿಗೆ ನನ್ನನ್ನೇ ಯಾರಾದ್ರೂ ಎತ್ತಿ ಮೇಲೆ ಹತ್ತಿಸ್ಬೇಕು” ಎಂದು ಹೋದ.

ಸೋಮವಾರ ಬ್ಯಾಂಕಿನಲ್ಲಿ ಅದೇ ಅಧಿಕಾರಿಣಿ ಮೂರು ಲಕ್ಷದ ಚೆಕ್ಕು ತೆಗೆದುಕೊಂಡು ಮುಖ ಅರಳಿಸಿದಳು. “ಒಳ್ಳೇದಾಯ್ತು ಸಾರ್. ಕಂತು ಕಡಿಮೆ ಮಾಡಿಕೊಡ್ಲಾ? ತಿಂಗಳಿಗೆ ಮೂರು ಸಾವಿರಕ್ಕಿಂತ ಜಾಸ್ತಿ ಉಳಿಯುತ್ತೆ.”

ಮೂರು ಸಾವಿರ! ಕೈಗೆ ಸಿಗುವ, ಎಣಿಸಬಹುದಾದ ದುಡ್ಡು. ಒಂದು ಕ್ಷಣ ಅವನ ಮನಸ್ಸು ಜಾರಿತು. ಹಾಗೆ ಮಾಡಿದರೆ ನೂರ ಎಪ್ಪತ್ತೈದು ಹಾಗೇ ಉಳಿಯುತ್ತದೆ ಎಂಬುದು ನೆನಪಾಗಿ ಬೆನ್ನು ನೆಟ್ಟಗಾಯಿತು.

“ಬೇಡ ಮೇಡಂ. ಕಂತು ಏರಿಸಿ, ತಿಂಗಳು ಇಳಿಸಿ. ಇಳಿದ ತಿಂಗಳ ಸಂಖ್ಯೆ ಬರೆದು ಕೊಡಿ.”

“ಕಂತು ಏರಿಸಿ ಅಂತ ಕೇಳಿದವರು ಈ ವರ್ಷ ನೀವೇ ಮೊದಲು,” ಎಂದು ಅವಳು ಕೀಲಿಗಳನ್ನು ಒತ್ತಿದಳು. ಹಾಳೆ ಹೊರಬಂತು. ಉಳಿದ ಕಂತುಗಳು: ೧೦೫. ನಿವೃತ್ತಿಗೆ ಮೂರು ತಿಂಗಳು ಮೊದಲೇ. ಅವನು ಆ ಹಾಳೆಯ ಎಲ್ಲ ಸಾಲುಗಳನ್ನೂ ಓದಿದ, ಕೆಳಗಿನ ಸಣ್ಣಕ್ಷರವನ್ನೂ ಬಿಡಲಿಲ್ಲ. ಹಿಂದೆ ಸಾಲಿನಲ್ಲಿ ನಿಂತವರು ಕೆಮ್ಮಿದರು. ಕೆಮ್ಮಲಿ ಎಂದು ಪೂರ್ತಿ ಓದಿದ.

ಎರಡು ವರ್ಷ ಕಳೆಯಿತು. ಮುಂದಿನ ಕೋಣೆಯಲ್ಲೀಗ ಯಂತ್ರದ ಸದ್ದು. ಬೆಳಗಿನ ಬಿಸಿಲು ಕತ್ತರಿಸುವ ಮೇಜಿನ ಮೇಲೆ ಹತ್ತು ಗಂಟೆಯವರೆಗೆ ಇರುತ್ತದೆ. ಹೆಂಡತಿ ಅಂಗಡಿಯ ಕೆಲಸ ಬಿಟ್ಟು ಒಂದು ವರ್ಷವಾಯಿತು, ಕೈತುಂಬ ಹೊಲಿಗೆ ಇದೆ. ಹಬೆಯಣ್ಣ ಒಳಕೋಣೆಯಲ್ಲಿ ಮಂಚಕ್ಕೆ ಒತ್ತಿಕೊಂಡಿರುವ ಸೋಫಾದಲ್ಲಿ ಮಂಡಿ ಮಡಚಿ ಕೂತು ಟಿವಿ ನೋಡುತ್ತಾನೆ. ಅದಕ್ಕೂ ಒಗ್ಗಿದ್ದಾನೆ. ಪ್ರತಿ ಆರು ತಿಂಗಳಿಗೊಮ್ಮೆ ಬ್ಯಾಂಕಿಗೆ ಹೋಗಿ ಎರಡೇ ಪ್ರಶ್ನೆ ಕೇಳಿ ಬರುತ್ತಾನೆ: ದರ ಎಷ್ಟು, ಉಳಿದ ತಿಂಗಳು ಎಷ್ಟು.

ಒಂದು ಮಧ್ಯಾಹ್ನ ಹೆಂಡತಿಯ ತಮ್ಮ ಬಂದ. ಹೊಸ ಬಡಾವಣೆಯ ಬಣ್ಣದ ಕಾಗದವೊಂದು ಅವನ ಕೈಯಲ್ಲಿತ್ತು. ತಿಂಗಳಿಗೆ ಇಷ್ಟೇ ಇಷ್ಟು ಎಂದು ದಪ್ಪಕ್ಷರದಲ್ಲಿ ಅಚ್ಚಾಗಿತ್ತು.

“ಇಷ್ಟು ನಾನು ಆರಾಮಾಗಿ ಕಟ್ಟಬಲ್ಲೆ ಭಾವ,” ಎಂದ. “ಈಗಿನ ಮನೆ ರೇಟು ನೋಡಿದ್ರೆ ನಿಮ್ಮದೇ ಅದೃಷ್ಟ ಬಿಡಿ. ಹೌದು, ಆಗ ಈ ಮನೆ ನಿಮಗೆ ಎಷ್ಟಕ್ಕೆ ಬಿತ್ತು?”

ಯಂತ್ರದ ಸದ್ದು ನಿಂತಿತು. ಹೆಂಡತಿ ದಾರ ಕಡಿಯುವ ನೆಪದಲ್ಲಿ ಕಿವಿ ಇತ್ತ ಕೊಟ್ಟಿದ್ದಳು. ಹಬೆಯಣ್ಣ ಅವಸರ ಮಾಡಲಿಲ್ಲ. ಕೈಯಿಂದ ಹಾಕಿದ ಆರು, ಹನ್ನೊಂದು ವರ್ಷ ಕಟ್ಟಿದ ಇಪ್ಪತ್ತೆರಡು ಚಿಲ್ಲರೆ, ಒಮ್ಮೆಗೇ ಕೊಟ್ಟ ಮೂರು, ಹದಿನೆಂಟು ಸಾವಿರದಂತೆ ಕೊನೆಯ ಚಿಲ್ಲರೆ ಕಂತಿನವರೆಗಿನ ಹದಿನೆಂಟು ಮುಕ್ಕಾಲರ ಮೇಲಿಷ್ಟು — ಎಲ್ಲವನ್ನೂ ಮನಸ್ಸಿನಲ್ಲೇ ಕೂಡಿಸಿ, ಇನ್ನೊಮ್ಮೆ ತಾಳೆ ನೋಡಿ, ಸಮಾಧಾನವಾಗಿ ಹೇಳಿದ:

“ನಲವತ್ತೊಂಬತ್ತು ಲಕ್ಷದ ತೊಂಬತ್ತನಾಲ್ಕು ಸಾವಿರ.”