ಬರೀ ಕಲ್ಲಿನ ಪದ

ಯಲ್ಲದಕೆರೆಯ ಕುರುಬರ ಹಟ್ಟಿಗೆ ಬೆಳಗಾಗಲು ಕೋಳಿ ಬೇಕಿರಲಿಲ್ಲ, ನಿಂಗಕ್ಕನ ಬೀಸುಕಲ್ಲಿನ ಪದವೇ ಸಾಕಿತ್ತು. ಪ್ಲೇಗು ಬಂದ ವರ್ಷ ಗಂಡ ಎತ್ತಪ್ಪನನ್ನೂ ಮೂರು ವರ್ಷದ ಮಗಳನ್ನೂ ಒಂದೇ ವಾರದಲ್ಲಿ ಮಣ್ಣು ಮಾಡಿ ಬಂದವಳು, ತಿಂಗಳು ಕಳೆಯುವಷ್ಟರಲ್ಲಿ ಮತ್ತೆ ಹಾಡಿದಳು. ಮದುವೆ ಮನೆಯಲ್ಲಿ ಬೀಗರನ್ನು ಗೇಲಿ ಮಾಡಿ ನಗಿಸೋಳು ಅವಳೇ, ಹೆರಿಗೆ ಅಂದರೆ ಮೊದಲು ಓಡೋಳೂ ಅವಳೇ. "ಗುಂಡಿಗೆ ಅಂದ್ರೆ ನಿಂಗಕ್ಕಂದು!" ಅಂತ ಊರೆಲ್ಲ ಹೊಗಳಿತು. ಹೊಗಳೋಕೆ ಊರಿನ ಗಂಟೇನು ಹೋಗಬೇಕು?

ಎಲ್ಲರಿಗಿಂತ ಹೆಚ್ಚು ಹೊಗಳಿದವಳು ಗೋಡೆಯಾಚೆಯ ವಾರಗಿತ್ತಿ ಏಕನಾಥಮ್ಮ. ದಿನಾ ಮುಂಜಾನೆ ಪದ ಕಿವಿಗೆ ಬಿದ್ದರೆ, "ಸದ್ಯ, ನಮ್ಮ ನಿಂಗಿ ಚೆನ್ನಾಗವ್ಳೆ" ಅಂದುಕೊಂಡು ಮತ್ತೆ ಕಂಬಳಿ ಎಳೆದುಕೊಳ್ಳೋಳು. ಹೀಗೇ ಎರಡು ವರ್ಷ ಕಳೆಯಿತು.

ಆವತ್ತು ಅಳಿಯ ಬಂದಿದ್ದ, ಮನೆಯಲ್ಲಿ ಹಿಟ್ಟು ತೀರಿತ್ತು. ಕಡ ಕೇಳಲು ಮೊರ ಹಿಡಿದು ಏಕನಾಥಮ್ಮ ನಿಂಗಕ್ಕನ ಬಾಗಿಲಿಗೆ ಬಂದಳು. ಒಳಗೆ ಪದ ಜೋರಾಗೇ ಇತ್ತು. ಹೊಸಿಲು ದಾಟಿದ ಮೇಲೆ ಪದದ ಅಡಿಯಲ್ಲಿ ಇನ್ನೊಂದು ಸದ್ದು ಕೇಳಿಸಿತು: ಕರಕರ ಅಂತ ಕಲ್ಲಿಗೆ ಕಲ್ಲು ಉಜ್ಜೋ ಸದ್ದು. ಬರೀ ಕಲ್ಲು ಬೀಸಬಾರದು, ಮನೆಗೆ ಕೇಡು ಅಂತ ಹಸುಮಕ್ಕಳಿಗೂ ಗೊತ್ತು.

"ಅಯ್ಯೋ ನಿನ್ನ! ರಾಗಿ ಎಲ್ಲೇ?"

"ಬಾಣಂತಿ ಮನೆಗೆ ಕೊಟ್ಟೆ ಕಣಕ್ಕ." ನಿಂಗಕ್ಕ ನಕ್ಕಳು. ಕೈ ಮಾತ್ರ ನಿಲ್ಲಲಿಲ್ಲ.

"ಮತ್ತೆ ನೀನೇನು ಉಣ್ತೀಯ?"

"ಗಂಟಲಲ್ಲಿ ಇಳಿಯಲ್ಲ."

"ಹಂಗಾದ್ರೆ ಯಾಕೆ ಬೀಸ್ತೀಯೇ?"

"ಪದ ನಿಂತ್ರೆ ಏನಾಯ್ತು ಅಂತ ಎಲ್ರೂ ಕೇಳಕ್ಕೆ ಬರ್ತೀರಿ. ನಂಗೆ ಹೇಳಕ್ಕೆ ಬರಲ್ಲ ಕಣಕ್ಕ. ಎದ್ದಾಗಿಂದ ಮನಸ್ಸು ಬಾವಿ ಕಡೀಗೇ ಎಳೀತೈತೆ."

ಏಕನಾಥಮ್ಮ ಮೊರ ಬದಿಗಿಟ್ಟಳು. ಪದ ಕೇಳಿ ಕೇಳಿ ನಿಶ್ಚಿಂತೆಯಾಗಿ ಮಲಗಿದ್ದ ತನ್ನ ಮೇಲೆ ತನಗೇ ಹೇಸಿಗೆಯಾಯಿತು. ಎದುರಿಗೆ ಕುಂತು, ಕಲ್ಲಿನ ಗೂಟ ಬಿಗಿಯಾಗಿ ಹಿಡಿದು ನಿಲ್ಲಿಸಿದಳು. "ಸಾಕು ಬಿಡೇ ನನ್ನವ್ವ." ನಿಂಗಕ್ಕ ಇನ್ನೊಂದು ಸಾಲು ಹಾಡಲು ನೋಡಿದಳು, ದನಿ ಬರಲಿಲ್ಲ. ಅಳುವೂ ಬರಲಿಲ್ಲ. ಸುಮ್ಮನೆ ವಾರಗಿತ್ತಿಯ ಮಡಿಲಲ್ಲಿ ತಲೆಯಿಟ್ಟಳು. ಅಳಿಯ ಹಸಿದುಕೊಂಡೇ ಕಾದ.

ಮರುದಿನ ಹಟ್ಟಿ ಹೊತ್ತೇರಿದ ಮೇಲೆ ಎದ್ದಿತು. ನೀರಿಗೆ ಹೊರಟ ಮಹಾದೇವಮ್ಮ ನಿಂಗಕ್ಕನ ಬಾಗಿಲಲ್ಲಿ ನಿಂತು, "ಯಾಕೆ, ನಿಂಗಕ್ಕಂಗೆ ಹುಷಾರಿಲ್ವಾ?" ಅಂದಳು.

"ಎರಡು ವರ್ಷದಿಂದ ಇಲ್ಲ ಕಣೇ," ಅಂದಳು ಏಕನಾಥಮ್ಮ. "ನಾವು ಇವತ್ತು ಕೇಳ್ತಾ ಇದೀವಿ."